ತುಳಿದ ಗೋದಿಯ ಚಿತ್ರ

ಚಿತ್ರದ ಪುಸ್ತಕವೆಂದರೆ ಅಕ್ಷರ ಬಾರದ ಮಕ್ಕಳ ಆಟಿಗೆಯೆಂದು ನಾನು ಬಹುಕಾಲ ತಿಳಿದಿದ್ದೆನು. ಆ ತಿಳಿವಳಿಕೆಯನ್ನು ತಿದ್ದಿದವನು ನನ್ನ ಅಣ್ಣನ ಮಗನು. ಅಣ್ಣನು ತೀರಿಕೊಂಡಂದಿನಿಂದ ಹದಿಮೂರು ವರುಷದ ಈ ಹುಡುಗನು ಸಿಂದಗಿಯ ನಮ್ಮ ಮನೆಯಲ್ಲಿಯೇ ಇರುವನು. ಅವನು ಅಳಲಿಲ್ಲ, ಹೆಚ್ಚು ಮಾತನ್ನೂ ಆಡಲಿಲ್ಲ. ಒಂದು ಜಪಾನೀ ಚಿತ್ರಕಥೆಯನ್ನು ಮಾತ್ರ ತಿರುತಿರುಗಿ ಓದುತ್ತಿದ್ದನು. ಒಂದು ರಾತ್ರಿ ನಾನೂ ಅದನ್ನು ಕೈಗೆತ್ತಿಕೊಂಡೆನು.

ಅದು ಕೇಜಿ ನಾಕಾಝಾವಾ ಅವರು 1973ರಿಂದ ವಾರಪತ್ರಿಕೆಯೊಂದರಲ್ಲಿ ಬರೆಯತೊಡಗಿದ ‘ಬರಿಗಾಲ ಗೆನ್’. 1939ರಲ್ಲಿ ಹಿರೋಶಿಮಾದಲ್ಲಿ ಹುಟ್ಟಿದ ಅವರು, 1945ನೆಯ ಆಗಸ್ಟ್ 6ರ ಬೆಳಿಗ್ಗೆ ಅಣುಬಾಂಬು ಬಿದ್ದಾಗ ಶಾಲೆಯ ಗೋಡೆಯ ಮರೆಯಲ್ಲಿದ್ದುದರಿಂದ ಬದುಕಿದರು. ತಂದೆ, ಅಕ್ಕ, ತಮ್ಮ ಮೂವರೂ ಹೋದರು. ಕಥೆಯ ಹುಡುಗ ಗೆನ್‌ನ ಪಾಡೂ ಅದೇ.

ಆರಂಭದಲ್ಲಿ ಗೋದಿಯ ಹೊಲವಿದೆ. ಜಪಾನಿನಲ್ಲಿ ಚಳಿಗಾಲದ ಎಳೆಯ ಪೈರನ್ನು ಕಾಲಿನಿಂದ ತುಳಿಯುವರು. ಅದರಿಂದ ಬೇರು ಗಟ್ಟಿಯಾಗುವದು. ತುಳಿದರೂ ನೆಟ್ಟಗೆ ಬೆಳೆಯುವ ಆ ಗೋದಿಯಂತಾಗೆಂದು ತಂದೆಯು ಮಗನಿಗೆ ಬೋಧಿಸುವನು. ಮುಂದೆ ಆ ತಂದೆಯೇ ಕುಸಿದ ಮನೆಯ ಕೆಳಗೆ ಸಿಕ್ಕಿ ಬೆಂಕಿಗೆ ಆಹುತಿಯಾಗುವನು. ಗೆನ್‌ನ ತಲೆಗೂದಲೆಲ್ಲ ಉದುರುವದು. ಬಹಳ ದಿನಗಳ ಮೇಲೆ ಸುಟ್ಟ ನೆಲದಲ್ಲಿ ಗೋದಿಯ ಮೊಳಕೆಯೂ ಅವನ ತಲೆಯ ಮೇಲೆ ಹೊಸ ಕೂದಲೂ ಕಾಣಿಸುವವು. ಅವೆರಡರ ಸಂಬಂಧವನ್ನು ಯಾರೂ ವಿವರಿಸಬೇಕಾಗಿಲ್ಲ, ಕಣ್ಣೇ ಅರಿತುಕೊಳ್ಳುವದು. ಚಿತ್ರಗಳಲ್ಲಿ ಮತ್ತೆ ಮತ್ತೆ ಕಾಣುವ ಸೂರ್ಯನೂ ಎಲ್ಲಕ್ಕೆ ಮೂಕಸಾಕ್ಷಿಯು.

ಪುಸ್ತಕ ಮುಚ್ಚುತ್ತಲೆ ಹುಡುಗನು, “ಕಾಕಾ, ಗೆನ್‌ಗ ಅವರಪ್ಪ ಮೊದಲ ಎಲ್ಲಾ ಹೇಳಿದ್ದ. ನಮ್ಮಪ್ಪ ನನಗೇನೂ ಹೇಳಲಿಲ್ಲಲ್ಲ?” ಎಂದನು.

ನನಗೆ ಉತ್ತರ ತೋಚಲಿಲ್ಲ. ಅಣ್ಣನು ಮಿತಭಾಷಿಯಾಗಿದ್ದನು. ಮರುದಿನ ಹುಡುಗನನ್ನು ಎರೆಹೊಲಕ್ಕೆ ಕರೆದೊಯ್ದೆನು. ಹಿಂಗಾರಿ ಜೋಳವು ಮೊಳಕಾಲೆತ್ತರ ನಿಂತಿತ್ತು. ನೆಲವು ಬಿರುಕು ಬಿಡತೊಡಗಿತ್ತು. ಆಗ ಎಡೆ ಹೊಡೆದರೆ ಬಿರುಕು ಮುಚ್ಚಿ, ಒಳಗಿನ ಹಸಿ ಉಳಿದು, ಬೆಳೆ ತಾಳಿಕೊಳ್ಳುವದು. ಅಣ್ಣನು ವರ್ಷವರ್ಷವೂ ಮಗನನ್ನು ಎಡೆಕುಂಟೆಯ ಹಿಂದೆ ನಡೆಸಿ, ಅವನ ಕೈಯ ಮೇಲೆ ತನ್ನ ಕೈಯಿಟ್ಟು ಮೇಳಿ ಹಿಡಿಸುತ್ತಿದ್ದನು.

“ಮಾತಿಲ್ಲದ ಚಿತ್ರ ಓದಾಕ ಬರ್ತೈತಲ್ಲ ನಿನಗ? ಇದೂ ಅಂಥಾದ್ದ” ಎಂದೆನು.

ಅವನು ಬಹಳ ಹೊತ್ತು ಸುಮ್ಮನಿದ್ದು, ಬಳಿಕ ಮೇಳಿ ಹಿಡಿದನು. ಸಾಲಿನ ಕೊನೆ ಮುಟ್ಟುವಷ್ಟರಲ್ಲಿ ಅಳುತ್ತಿದ್ದನು. ನಾನು ತಡೆಯಲಿಲ್ಲ.

ಮಕ್ಕಳ ಕೈಯಲ್ಲಿ ಇಂತಹ ಪುಸ್ತಕವನ್ನು ಕಂಡರೆ, ಕಸಿದುಕೊಳ್ಳುವ ಮೊದಲು ಹಿರಿಯರು ಒಮ್ಮೆ ತಾವೂ ಓದಿ ನೋಡುವದು ಲೇಸು.