ಡಾಲ್ಫಿನ್‌ಗೂ ಬೂತಾಯಿ ಇಷ್ಟ

“ಡಾಲ್ಫಿನ್ ನೀರಲ್ಲೇ ಇರುವುದಲ್ವಾ ಅಜ್ಜ, ಮತ್ತೆ ಮುಳುಗಿ ಸಾಯುವುದು ಹೇಗೆ?” ರಜೆಗೆ ಮಲ್ಪೆಗೆ ಬಂದ ಮೊಮ್ಮಗಳ ಪ್ರಶ್ನೆ. ಒಳ್ಳೆಯ ಪ್ರಶ್ನೆಯೇ.

ಡಾಲ್ಫಿನ್ ಮೀನಲ್ಲ ಮಕ್ಕಳೇ, ಮರಿಗೆ ಹಾಲುಣಿಸುವ ಪ್ರಾಣಿ. ಆಗಾಗ ಮೇಲೆ ಬಂದು, ನೆತ್ತಿಯ ರಂಧ್ರದಿಂದ ಗಾಳಿ ಎಳೆದುಕೊಳ್ಳಲೇಬೇಕು. ನೀರಿನೊಳಗೆ ಗೋಡೆಯಂತೆ ಇಳಿಬಿಟ್ಟ ಬಲೆಗೆ ಸಿಕ್ಕಿಕೊಂಡರೆ ಮೇಲೆ ಬರಲಾಗದೆ ಉಸಿರುಗಟ್ಟುತ್ತದೆ. ತನ್ನದೇ ಸದ್ದಿನ ಪ್ರತಿಧ್ವನಿ ಕೇಳಿ ದಾರಿ ಹುಡುಕುವ ಜಾಣ ಪ್ರಾಣಿ ಅದು. ಆದರೂ ಸಪೂರ ನೈಲಾನ್ ಎಳೆ ಸುಲಭಕ್ಕೆ ತಿಳಿಯುವುದಿಲ್ಲ.

ನಾನು ಹುಡುಗನಾಗಿದ್ದಾಗ ಇಲ್ಲಿ ರಂಪಣಿ ಬಲೆಯ ಕಾಲ. ಊರಿಗೆ ಊರೇ ದಡದಲ್ಲಿ ನಿಂತು ಎಳೆಯುತ್ತಿತ್ತು. 1970ರ ದಶಕದಲ್ಲಿ ಪರ್ಸೀನ್ ಬೋಟುಗಳು ಬಂದವು, ರಂಪಣಿ ಹಿಂದೆ ಸರಿಯಿತು. ಬೂತಾಯಿ, ಬಂಗುಡೆ ನಮಗೂ ಬೇಕು, ಡಾಲ್ಫಿನ್‌ಗೂ ಬೇಕು. ಮೀನಿನ ಹಿಂಡು ಇದ್ದಲ್ಲಿಗೇ ಇಬ್ಬರೂ ಹೋಗುತ್ತೇವೆ. ನಾವು ಬಲೆ ಹಿಡಿದು ಹೋಗುತ್ತೇವೆ, ಅಷ್ಟೆ.

1972ರ ವನ್ಯಜೀವಿ ಕಾಯ್ದೆಯಲ್ಲಿ ಡಾಲ್ಫಿನ್‌ಗೆ ರಕ್ಷಣೆಯಿದೆ. ಬಲೆಗೆ ಕಾಯ್ದೆ ಓದಲು ಬರುತ್ತದೆಯೇ! ಸಿಕ್ಕಿದ್ದನ್ನು ಬಿಡಿಸಲು ಬಲೆ ಕೊಯ್ಯಬೇಕು, ಅದರ ನಷ್ಟ ಮೀನುಗಾರನದೇ.

ನಮ್ಮ ನೆರೆಮನೆಯವರು ಕಳೆದ ವರ್ಷ ಕೊಯ್ದರು. ಡಾಲ್ಫಿನ್ ಮೇಲೆ ಬಂದು ‘ಪುಸ್’ ಎಂದು ಉಸಿರು ಬಿಟ್ಟು ಹೋಯಿತಂತೆ. ಬಲೆ ಸರಿಮಾಡಲು ನಾಲ್ಕು ದಿನ ಹಿಡಿಯಿತು. ಅಷ್ಟೂ ದಿನ ಅವರ ದೋಣಿ ದಡದಲ್ಲೇ ಇತ್ತು.