ಭಂಡಾರಿಯ ಹೊಣೆ

ಬಸವಣ್ಣನವರನ್ನು ನಾವು ಭಕ್ತಿಭಂಡಾರಿ ಎಂದು ಕರೆಯುತ್ತೇವೆ. ಈ ಹೆಸರಿನ ಮೊದಲ ಭಾಗವನ್ನು ಕುರಿತು ಪ್ರವಚನಗಳಲ್ಲಿ ಸಾಕಷ್ಟು ಕೇಳಿದ್ದೇವೆ. ಎರಡನೆಯ ಭಾಗವನ್ನು ಕುರಿತು ಕೇಳಿರುವುದು ಕಡಿಮೆ. ಅವರು ಕಲ್ಯಾಣದಲ್ಲಿ ಬಿಜ್ಜಳನ ಭಂಡಾರದ ಹೊಣೆಯನ್ನು ಹೊತ್ತಿದ್ದವರು. ಅರಸನ ಹಣವನ್ನು ಜಂಗಮರಿಗೆ ಹಂಚುತ್ತಿದ್ದಾರೆ ಎಂದು ಚಾಡಿಕೋರರು ದೂರಿದಾಗ ಭಂಡಾರವನ್ನು ಎಣಿಸಲಾಯಿತೆಂದೂ ಅದರಲ್ಲಿ ಏನೊಂದೂ ಕಡಿಮೆಯಾಗಿರಲಿಲ್ಲವೆಂದೂ ಬಸವಪುರಾಣದ ಪರಂಪರೆ ಹೇಳುತ್ತದೆ. ಈ ಪ್ರಸಂಗವನ್ನು ಪವಾಡವೆಂದು ಓದುವವರುಂಟು. ನನಗಾದರೋ ಅದರಲ್ಲಿ ಕಾಣುವುದು ಲೆಕ್ಕಪರಿಶೋಧನೆಯ ಪಾಠ: ಪರರ ಹಣವನ್ನು ಕಾಯುವವನು ಎಷ್ಟೇ ದೊಡ್ಡವನಾಗಿರಲಿ, ಎಣಿಕೆಗೆ ಸದಾ ಸಿದ್ಧನಾಗಿರಬೇಕು.

ನಾನು ಹಾವೇರಿಯ ಕಡೆಯವನು. ಬ್ಯಾಂಕಿನ ನೌಕರಿ ನನ್ನನ್ನು ಮಂಗಳೂರಿಗೆ ಕರೆತಂದಿತು; ನಿವೃತ್ತಿಯ ನಂತರವೂ ಇಲ್ಲಿಯೇ ಉಳಿದೆನು. ಬಯಲುಸೀಮೆಯಿಂದ ಬಂದು ನೆಲೆಸಿದ ನಮ್ಮ ಸಮಾಜದ ಕೆಲವು ಕುಟುಂಬಗಳು ಸೇರಿ, ಬಡ ವಿದ್ಯಾರ್ಥಿಗಳ ಊಟ ಮತ್ತು ವಸತಿಗಾಗಿ ಒಂದು ಚಿಕ್ಕ ದಾಸೋಹ ನಿಧಿಯನ್ನು ಟ್ರಸ್ಟಿನ ರೂಪದಲ್ಲಿ ನಡೆಸಿಕೊಂಡು ಬರುತ್ತಿವೆ. ಅದರ ಐವರು ಧರ್ಮದರ್ಶಿಗಳಲ್ಲಿ ನಾನೂ ಒಬ್ಬನು. ಈ ಕರಾವಳಿಯಲ್ಲಿ ದೇವಸ್ಥಾನದ ಆಡಳಿತ ನೋಡುವವರನ್ನು ಮೊಕ್ತೇಸರರು ಎನ್ನುತ್ತಾರೆ. ಹೆಸರು ಯಾವುದಾದರೇನು, ಹೊಣೆ ಒಂದೇ.

ಹಣವನ್ನು ಕಾಯುವ ವಿದ್ಯೆ ಈ ಊರಿಗೆ ಹೊಸದಲ್ಲ. 1891ರಲ್ಲಿ ಕೆನರಾ ಹೈಸ್ಕೂಲನ್ನು ಸ್ಥಾಪಿಸಿದ ಅಮ್ಮೆಂಬಳ ಸುಬ್ಬರಾವ್ ಪೈಯವರೇ 1906ರಲ್ಲಿ ಕೆನರಾ ಹಿಂದೂ ಪರ್ಮನೆಂಟ್ ಫಂಡನ್ನು ಪ್ರಾರಂಭಿಸಿದರು. ಅದೇ ಮುಂದೆ ಕೆನರಾ ಬ್ಯಾಂಕ್ ಆಯಿತು. ಶಾಲೆಯೂ ನಿಧಿಯೂ ಒಂದೇ ಕೈಯಿಂದ ಹುಟ್ಟಿದವು. 1906ರಲ್ಲಿಯೇ ಉಡುಪಿಯಲ್ಲಿ ಕಾರ್ಪೊರೇಷನ್ ಬ್ಯಾಂಕ್, 1924ರಲ್ಲಿ ಮಂಗಳೂರಿನಲ್ಲಿ ಕರ್ಣಾಟಕ ಬ್ಯಾಂಕ್, 1925ರಲ್ಲಿ ಉಡುಪಿಯಲ್ಲಿ ಸಿಂಡಿಕೇಟ್ ಬ್ಯಾಂಕ್, 1931ರಲ್ಲಿ ಮಂಗಳೂರಿನಲ್ಲಿ ವಿಜಯಾ ಬ್ಯಾಂಕ್ ಹುಟ್ಟಿಕೊಂಡವು. ಇವುಗಳಲ್ಲಿ ವಿಜಯಾ ಬ್ಯಾಂಕ್ 2019ರಲ್ಲಿ ಬ್ಯಾಂಕ್ ಆಫ್ ಬರೋಡಾದಲ್ಲಿಯೂ, ಕಾರ್ಪೊರೇಷನ್ ಬ್ಯಾಂಕ್ 2020ರಲ್ಲಿ ಯೂನಿಯನ್ ಬ್ಯಾಂಕಿನಲ್ಲಿಯೂ, ಸಿಂಡಿಕೇಟ್ ಬ್ಯಾಂಕ್ ಅದೇ ವರ್ಷ ಕೆನರಾ ಬ್ಯಾಂಕಿನಲ್ಲಿಯೂ ವಿಲೀನಗೊಂಡವು. ಠೇವಣಿದಾರರ ಹಣಕ್ಕೆ ಇದರಿಂದ ಕುಂದಾಗಲಿಲ್ಲ, ನಿಜ. ಆದರೆ ಶಾಶ್ವತವೆಂದು ನಾವು ತಿಳಿದಿದ್ದ ನಾಮಫಲಕಗಳೇ ಒಂದೆರಡು ವರ್ಷಗಳಲ್ಲಿ ಬದಲಾದವು. ‘ಇದು ನಮ್ಮ ಊರಿನ ಸಂಸ್ಥೆ, ಇವರು ನಮ್ಮ ಜನ’ ಎಂಬುದು ಪ್ರೀತಿಗೆ ಕಾರಣವಾಗಬಹುದು, ಹೂಡಿಕೆಗೆ ಅದೊಂದೇ ಕಾರಣ ಸಾಲದು ಎಂಬುದನ್ನು ಧರ್ಮದರ್ಶಿಗಳಾದವರು ಅರಿಯಬೇಕು.

ಈ ಮಾತನ್ನು ಬರೆಯಲು ಕಾರಣವಾದ ಸಂದರ್ಭವನ್ನು ಹೇಳುತ್ತೇನೆ. 2023ರಲ್ಲಿ ನಮ್ಮ ನಿಧಿಯ ಮೂಲಧನ 40 ಲಕ್ಷ ರೂಪಾಯಿ ಇತ್ತು. ಶೇಕಡಾ 7ರ ಬಡ್ಡಿಯಿಂದ ವರ್ಷಕ್ಕೆ 2,80,000 ರೂಪಾಯಿ ಬರುತ್ತಿತ್ತು. ತಲೆಗೆ 20,000ದಂತೆ ಹದಿನಾಲ್ಕು ಮಕ್ಕಳ ವಸತಿಗೆ ಅದು ಸಾಲುತ್ತಿತ್ತು. ಆ ವರ್ಷದ ಸಭೆಯಲ್ಲಿ ನಮ್ಮ ಹಿರಿಯ ಧರ್ಮದರ್ಶಿಗಳೊಬ್ಬರು ಒಂದು ಸಲಹೆಯನ್ನು ಮುಂದಿಟ್ಟರು. ಒಂದು ಪತ್ತಿನ ಸಹಕಾರ ಸಂಘ ಶೇಕಡಾ ಒಂಬತ್ತೂವರೆ ಬಡ್ಡಿ ಕೊಡುತ್ತದೆ, ಎಲ್ಲ ಹಣವನ್ನೂ ಅಲ್ಲಿಗೆ ವರ್ಗಾಯಿಸೋಣ ಎಂದರು. ವರ್ಷಕ್ಕೆ ಒಂದು ಲಕ್ಷ ಹೆಚ್ಚಾಗುತ್ತದೆ. ಇನ್ನೂ ಐದು ಮಕ್ಕಳಿಗೆ ಆಶ್ರಯ ದೊರೆಯುತ್ತದೆ. ಅರ್ಜಿ ಹಾಕಿ ಕಾಯುತ್ತಿದ್ದವರೂ ಸರಿಯಾಗಿ ಐವರೇ. ಆ ಸಂಘದ ನಿರ್ದೇಶಕ ಮಂಡಳಿಯಲ್ಲಿ ಆ ಹಿರಿಯರೂ ಇದ್ದರು. ಅದನ್ನು ಅವರು ಮುಚ್ಚಿಡಲಿಲ್ಲ, ಭರವಸೆಯೆಂದೇ ಹೇಳಿದರು.

ನಾನು ಸಂಘದ ಮೂರು ವರ್ಷಗಳ ಲೆಕ್ಕಪರಿಶೋಧನಾ ವರದಿಯನ್ನು ಕೇಳಿದೆನು. ಅವರ ಮುಖ ಬಾಡಿತು.

“ಮೂವತ್ತು ವರ್ಷದ ಪರಿಚಯ. ನನ್ನ ಮಾತಿನ ಮೇಲೆ ನಿಮಗೆ ನಂಬಿಕೆ ಇಲ್ಲವೇನು?” ಎಂದರು.

“ಯಜಮಾನರೇ, ತಮ್ಮ ಮೇಲೆ ನಂಬಿಕೆ ಇದೆ. ನನ್ನ ಸ್ವಂತ ಹಣವಾಗಿದ್ದರೆ ತಮ್ಮ ಮಾತಿನ ಮೇಲೆಯೇ ಇಟ್ಟುಬಿಡುತ್ತಿದ್ದೆ. ಇದು ನಮ್ಮ ಐವರದೂ ಅಲ್ಲವಲ್ಲ” ಎಂದೆನು.

ಸಭೆ ಬಹಳ ಹೊತ್ತು ಮೌನವಾಗಿತ್ತು. ಹಿರಿಯರ ಮನಸ್ಸು ನೊಂದುದು ನನಗೂ ನೋವಿನ ಸಂಗತಿಯೇ. ಆದರೆ ಕಾನೂನು ಇಲ್ಲಿ ಬಹಳ ಸ್ಪಷ್ಟವಾಗಿದೆ. 1882ರ ಭಾರತೀಯ ನ್ಯಾಸ ಕಾಯಿದೆಯ 15ನೆಯ ಕಲಮು, ಸಾಮಾನ್ಯ ವಿವೇಕವುಳ್ಳ ಮನುಷ್ಯನು ತನ್ನ ಸ್ವತ್ತನ್ನು ಎಷ್ಟು ಎಚ್ಚರದಿಂದ ನೋಡಿಕೊಳ್ಳುತ್ತಾನೋ ಅಷ್ಟು ಎಚ್ಚರವನ್ನು ವಿಶ್ವಸ್ತನಿಂದ ಅಪೇಕ್ಷಿಸುತ್ತದೆ. ವಿಶ್ವಸ್ತನು ನಿಧಿಯ ಸ್ವತ್ತನ್ನು ತನ್ನ ಲಾಭಕ್ಕೆ ಬಳಸಬಾರದು ಎನ್ನುತ್ತದೆ 51ನೆಯ ಕಲಮು. ಸಹವಿಶ್ವಸ್ತನೊಬ್ಬನು ತಪ್ಪಿದ್ದು ತಿಳಿದೂ ಅದನ್ನು ಮುಚ್ಚಿಟ್ಟವನು ತಾನೂ ಹೊಣೆಗಾರನಾಗುತ್ತಾನೆ ಎನ್ನುತ್ತದೆ 26ನೆಯ ಕಲಮು. ಅಂದರೆ ಸಂಕೋಚದ ಮೌನಕ್ಕೂ ಬೆಲೆ ತೆರಬೇಕು. ಈ ಕಾಯಿದೆ ಖಾಸಗಿ ನ್ಯಾಸಗಳಿಗೆಂದು ರಚಿತವಾದದ್ದು, ಸಾರ್ವಜನಿಕ ಧರ್ಮದತ್ತಿಗಳಿಗೆ ನೇರವಾಗಿ ಅನ್ವಯಿಸದು. ಆದರೂ ಇದರ ಹಿಂದಿರುವ ತತ್ತ್ವಗಳನ್ನು ನ್ಯಾಯಾಲಯಗಳು ಧರ್ಮದತ್ತಿಗಳ ವಿಷಯದಲ್ಲಿಯೂ ಎತ್ತಿಹಿಡಿದಿವೆ. ಇನ್ನು ತೆರಿಗೆ ವಿನಾಯಿತಿ ಪಡೆಯುವ ಧರ್ಮಸಂಸ್ಥೆಗಳು ಎಲ್ಲೆಲ್ಲಿ ಹಣವಿಡಬಹುದು ಎಂಬುದಕ್ಕೆ 1961ರ ಆದಾಯ ತೆರಿಗೆ ಕಾಯಿದೆಯ 11ನೆಯ ಕಲಮಿನ 5ನೆಯ ಉಪಕಲಮು ಒಂದು ಪಟ್ಟಿಯನ್ನೇ ಕೊಟ್ಟಿತು: ಸರ್ಕಾರಿ ಸಾಲಪತ್ರ, ಅಂಚೆ ಉಳಿತಾಯ, ಷೆಡ್ಯೂಲ್ಡ್ ಬ್ಯಾಂಕು, ಬ್ಯಾಂಕಿಂಗ್ ವ್ಯವಹಾರ ನಡೆಸುವ ಸಹಕಾರ ಸಂಸ್ಥೆ ಮುಂತಾದವು. 2025ರ ಹೊಸ ಆದಾಯ ತೆರಿಗೆ ಕಾಯಿದೆಯೂ ಈ ಕ್ರಮವನ್ನು ಕೈಬಿಟ್ಟಿಲ್ಲ. ಬ್ಯಾಂಕಿನ ಠೇವಣಿಗೆ 2020ರ ಫೆಬ್ರವರಿ 4ರಿಂದ 5 ಲಕ್ಷ ರೂಪಾಯಿಗಳವರೆಗೆ ವಿಮೆಯ ರಕ್ಷೆ ದೊರೆಯಿತು. ಪತ್ತಿನ ಸಹಕಾರ ಸಂಘದ ಠೇವಣಿಗೆ ಆ ರಕ್ಷೆಯೂ ಇಲ್ಲ.

ಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ಹೊಣೆ ತೀರಿತೆಂದು ಭಾವಿಸುವಂತಿಲ್ಲ. ಯೂನಿಟ್ ಟ್ರಸ್ಟಿನ ಯೂನಿಟ್ಟುಗಳು ಆ ಪಟ್ಟಿಯಲ್ಲಿಯೇ ಇದ್ದವು. ಮನೆಮಾತಾಗಿದ್ದ ಯೂನಿಟ್ ಸ್ಕೀಮ್ 64ರ ಮರುಖರೀದಿ 2001ರ ಜುಲೈನಲ್ಲಿ ಇದ್ದಕ್ಕಿದ್ದಂತೆ ನಿಂತಿತು. 2018ರಲ್ಲಿ ಐಎಲ್‌ಎಫ್‌ಎಸ್ ಸಂಸ್ಥೆ ಸಾಲ ತೀರಿಸಲಾರದೆ ಕೈಚೆಲ್ಲಿತು. ಕೆಲವೇ ತಿಂಗಳ ಹಿಂದೆ ಅದಕ್ಕೆ ಅತ್ಯುನ್ನತ ಶ್ರೇಯಾಂಕವಿತ್ತು. ಅದನ್ನು ನಂಬಿ ನೌಕರರ ಭವಿಷ್ಯನಿಧಿಯ ಟ್ರಸ್ಟುಗಳು ಹಣ ತೊಡಗಿಸಿದ್ದವು. 2020ರ ಜನವರಿಯಲ್ಲಿ ರಿಸರ್ವ್ ಬ್ಯಾಂಕು ಬೆಂಗಳೂರಿನ ಶ್ರೀ ಗುರು ರಾಘವೇಂದ್ರ ಸಹಕಾರ ಬ್ಯಾಂಕಿನ ಮೇಲೆ ನಿರ್ಬಂಧ ಹೇರಿದಾಗ, ಒಬ್ಬೊಬ್ಬ ಠೇವಣಿದಾರನಿಗೆ ಹಿಂದೆಗೆಯಲು ಸಾಧ್ಯವಿದ್ದದ್ದು 35,000 ರೂಪಾಯಿ ಮಾತ್ರ. ಹೆಚ್ಚಿನ ಬಡ್ಡಿಯ ಹಿಂದೆ ಹೆಚ್ಚಿನ ಅಪಾಯ ನೆರಳಿನಂತೆ ಇರುತ್ತದೆ. ಬೆಳಕು ನೇರವಾಗಿ ಬಿದ್ದಾಗ ಅದು ಕಾಣುವುದಿಲ್ಲ, ಅಷ್ಟೆ.

ಹಾಗೆಂದು ಹಣವನ್ನು ಉಳಿತಾಯ ಖಾತೆಯಲ್ಲಿ ಮಲಗಿಸಿ ನಿಶ್ಚಿಂತರಾಗುವುದೂ ಧರ್ಮವಲ್ಲ. ಬೆಲೆಗಳು ವರ್ಷಕ್ಕೆ ಶೇಕಡಾ ಐದರಂತೆ ಏರಿದರೆ, ಸುಮಾರು ಹದಿನಾಲ್ಕು ವರ್ಷಗಳಲ್ಲಿ ರೂಪಾಯಿಯ ಶಕ್ತಿ ಅರ್ಧಕ್ಕೆ ಇಳಿಯುತ್ತದೆ. ಬಂದ ಬಡ್ಡಿಯನ್ನೆಲ್ಲ ಖರ್ಚು ಮಾಡಿ ಮೂಲಧನವನ್ನು ಬೆಳೆಸದಿದ್ದರೆ, ಇಂದು ಹದಿನಾಲ್ಕು ಮಕ್ಕಳು ಉಣ್ಣುವ ನಿಧಿಯಲ್ಲಿ ಆಗ ಏಳೇ ಮಕ್ಕಳು ಉಣ್ಣುತ್ತಾರೆ. ಇಂದಿನ ಮಗುವಿಗೂ ಇನ್ನೂ ಹುಟ್ಟದ ಮಗುವಿಗೂ ಸಮನಾಗಿ ನಡೆದುಕೊಳ್ಳುವುದೇ ಧರ್ಮದರ್ಶಿಯ ಅತ್ಯಂತ ಕಠಿಣವಾದ ಕರ್ತವ್ಯ.

ದೊಡ್ಡ ಮಠಗಳ ವಿಷಯದಲ್ಲಿಯೂ ಈ ತತ್ತ್ವ ಬೇರೆಯಲ್ಲ. ಮಠಾಧಿಪತಿಗಳು ಇಂಗ್ಲಿಷ್ ಕಾನೂನಿನ ಕಟ್ಟುನಿಟ್ಟಾದ ಅರ್ಥದಲ್ಲಿ ಟ್ರಸ್ಟಿಗಳಲ್ಲ, ಆದರೂ ದುರಾಡಳಿತಕ್ಕೆ ಉತ್ತರದಾಯಿಗಳು ಎಂದು 1921ರಲ್ಲಿ ಪ್ರಿವಿ ಕೌನ್ಸಿಲ್ ತೀರ್ಮಾನಿಸಿತು. ನಮ್ಮ ನೆರೆಯ ಉಡುಪಿಯ ಶೀರೂರು ಮಠದ ಮೊಕದ್ದಮೆಯಲ್ಲಿ 1954ರಲ್ಲಿ ಸರ್ವೋಚ್ಚ ನ್ಯಾಯಾಲಯವು ಪೀಠದ ಹಕ್ಕನ್ನು ಎತ್ತಿಹಿಡಿಯುತ್ತಲೇ, ಆ ಸ್ಥಾನದಲ್ಲಿ ಕರ್ತವ್ಯವೂ ವೈಯಕ್ತಿಕ ಹಿತವೂ ಬೇರ್ಪಡಿಸಲಾಗದಂತೆ ಬೆಸೆದುಕೊಂಡಿವೆ ಎಂದು ವಿವರಿಸಿತು. ಪೀಠಕ್ಕೇ ಈ ಕರ್ತವ್ಯವಿರುವಾಗ ನಮ್ಮಂಥ ಸಾಮಾನ್ಯರ ಪಾಡೇನು!

ನಮ್ಮ ನಿಧಿಯಲ್ಲಿ ಮುಂದೆ ನಡೆದುದನ್ನು ಹೇಳಬೇಕು. ಸಂಘದಿಂದ ವರದಿ ಬರಲಿಲ್ಲ, ಹಣವೂ ಹೋಗಲಿಲ್ಲ. ಸಂಬಂಧಪಟ್ಟ ಸಂಸ್ಥೆಯಲ್ಲಿ ಸ್ಥಾನವಿರುವ ಧರ್ಮದರ್ಶಿಯು ಆ ವಿಷಯದ ಚರ್ಚೆಯಲ್ಲಿ ಮತ ಹಾಕಬಾರದು, ಪ್ರತಿಯೊಂದು ಹೂಡಿಕೆಯ ಕಾರಣವನ್ನೂ ನಡವಳಿ ಪುಸ್ತಕದಲ್ಲಿ ಬರೆಯಬೇಕು, ಒಂದೇ ಕಡೆ ಮೂರನೆಯ ಒಂದು ಭಾಗಕ್ಕಿಂತ ಹೆಚ್ಚು ಇಡಬಾರದು, ಬಡ್ಡಿಯ ಹತ್ತನೆಯ ಒಂದು ಭಾಗವನ್ನು ಮೂಲಧನಕ್ಕೆ ಸೇರಿಸಬೇಕು ಎಂದು ನಾಲ್ಕು ನಿಯಮಗಳನ್ನು ಮಾಡಿಕೊಂಡೆವು. ಆ ಹತ್ತನೆಯ ಭಾಗದ ಕೊರತೆಯನ್ನು ಧರ್ಮದರ್ಶಿಗಳೇ ಕೈಯಿಂದ ತುಂಬಿದೆವು. ಕಾಯುತ್ತಿದ್ದ ಐವರಲ್ಲಿ ಮೂವರಿಗೆ ದಾನಿಗಳು ದೊರೆತರು. ಒಬ್ಬ ದಾನಿ ಆ ಹಿರಿಯರೇ. ಉಳಿದ ಇಬ್ಬರಿಗೆ ಆ ವರ್ಷ ಇಲ್ಲವೆನ್ನಬೇಕಾಯಿತು. ಅವರಲ್ಲೊಬ್ಬನ ತಂದೆ ಮರುಮಾತಾಡದೆ ಕೈಮುಗಿದು ಹೋದದ್ದು ಇಂದಿಗೂ ನನ್ನ ಕಣ್ಣಮುಂದಿದೆ.

ಆ ಸಹಕಾರ ಸಂಘ ಮುಳುಗಿತೇ ಎಂದು ಕೆಲವರು ಕೇಳುತ್ತಾರೆ. ಇಲ್ಲ, ಅದು ಈಗಲೂ ನಡೆಯುತ್ತಿದೆ, ಬಡ್ಡಿಯನ್ನೂ ಕೊಡುತ್ತಿದೆ. ಅಲ್ಲಿಟ್ಟಿದ್ದರೆ ಆ ಇಬ್ಬರೂ ಆ ವರ್ಷ ನಮ್ಮಲ್ಲಿಯೇ ಉಣ್ಣುತ್ತಿದ್ದರು. ಆದರೂ ನಮ್ಮ ತೀರ್ಮಾನ ಸರಿಯೆಂದೇ ನಾನು ತಿಳಿಯುತ್ತೇನೆ. ಸೇತುವೆ ಕುಸಿಯಲಿಲ್ಲವೆಂದ ಮಾತ್ರಕ್ಕೆ ಪರೀಕ್ಷಿಸದೆ ಅದರ ಮೇಲೆ ಮಕ್ಕಳನ್ನು ನಡೆಸಿದ್ದು ವಿವೇಕವೆನಿಸದು. ವಿಶ್ವಸ್ತನನ್ನು ಫಲದಿಂದ ಅಳೆಯಲಾಗದು. ತೀರ್ಮಾನದ ದಿನ ಅವನು ಏನನ್ನು ಕೇಳಿದನು, ಏನನ್ನು ನೋಡಿದನು, ಯಾರ ಹಿತವನ್ನು ನೆನೆದನು ಎಂಬುದರಿಂದ ಅಳೆಯಬೇಕು.

ಆಯ್ದಕ್ಕಿ ಮಾರಯ್ಯನವರು ಎಂದಿಗಿಂತ ಹೆಚ್ಚು ಅಕ್ಕಿ ತಂದ ದಿನ, ಅದನ್ನು ಹಿಂದಕ್ಕೆ ಸುರಿದು ಬರಲು ಲಕ್ಕಮ್ಮನವರು ಹೇಳಿದ ಕಥೆಯನ್ನು ನಾವೆಲ್ಲರೂ ಬಲ್ಲೆವು. ಮಾರಯ್ಯನವರು ತಂದದ್ದೂ ದಾಸೋಹಕ್ಕಾಗಿಯೇ. ಉದ್ದೇಶ ಒಳ್ಳೆಯದೆಂಬ ಕಾರಣಕ್ಕೆ ಆ ತಾಯಿ ಪ್ರಶ್ನಿಸದೆ ಇರಲಿಲ್ಲ. ಶರಣಬಂಧುಗಳೇ, ತಮ್ಮ ಊರಿನ ಮಠ, ಶಾಲೆ, ಪ್ರಸಾದನಿಲಯಗಳ ವಾರ್ಷಿಕ ಸಭೆಗೆ ತಪ್ಪದೆ ಹೋಗಿರಿ. ಹಣ ಎಲ್ಲಿದೆ, ಏಕೆ ಅಲ್ಲಿದೆ ಎಂದು ವಿನಯದಿಂದ ಕೇಳಿರಿ. ಕೇಳಿಸಿಕೊಳ್ಳುವ ಸ್ಥಾನದಲ್ಲಿ ತಾವೇ ಇದ್ದರೆ ನಗುಮೊಗದಿಂದ ಪುಸ್ತಕವನ್ನು ತೆರೆದು ತೋರಿಸಿರಿ.