ಇಂಗ್ಲೆಂಡ್ ಡೈರಿ – 27: ಒಂದು ಅಡ್ರೆಸ್ ತಾನೇ?

ಮೂರು ನೈಟ್ ಡ್ಯೂಟಿ ಮುಗಿಸಿ ಇವತ್ತು ರಜೆ. ವಾರ್ಡಿನ ಕಥೆ ಬರೀತೀನಿ ಅಂದಿದ್ದೆ, ಅದು ಮುಂದಿನ ಸಲ. ಊರಲ್ಲಿ ನನ್ನ ಬಗ್ಗೆ ಒಂದು ಮಾತು ಓಡಾಡ್ತಿದೆಯಂತೆ: "ಹೊರದೇಶಕ್ಕೆ ಹೋದಮೇಲೆ ಅವಳಿಗೆ ಜಂಬ ಬಂದಿದೆ, ನಮ್ಮೋರಿಗೆ ಒಂದು ಅಡ್ರೆಸ್ ಕೊಡೋಕ್ಕೂ ಆಗಲ್ಲ ಅಂದ್ಲಂತೆ." ಹೌದು, ಅಂದೆ. ಅಮ್ಮನಿಗೆ ಫೋನಲ್ಲಿ ನಾಲ್ಕು ಸಲ ವಿವರಿಸಿ ಆಯ್ತು. ಈಗ ಎಲ್ಲರಿಗೂ ಒಂದೇ ಸಲ ಹೇಳಿಬಿಡ್ತೀನಿ.

ಕೇಳಿದವನು ನಮ್ಮ ಕಡೆಯ ಹುಡುಗನೇ. ಹೆಸರು ಬೇಡ. ಬಾಯ್ತುಂಬ ಅಕ್ಕ ಅಂತಾನೆ, ಅವನ ಹೆಂಡತಿ ಕೈಯ ಬಿಸಿಬೇಳೆಬಾತ್ ಎಷ್ಟು ಸಲ ತಿಂದಿದ್ದೀನೋ. ಅವರ ಮಗಳನ್ನ ಸ್ಕೂಲಿಗೆ ಸೇರಿಸಬೇಕಿತ್ತು. ಇಲ್ಲಿ ಸರ್ಕಾರಿ ಸ್ಕೂಲಿನ ಮೊದಲ ಕ್ಲಾಸಿಗೆ, ರಿಸೆಪ್ಷನ್ ಅಂತಾರೆ, ಜನವರಿ 15ರೊಳಗೆ ಕೌನ್ಸಿಲ್‌ಗೆ ಅರ್ಜಿ ಹಾಕಬೇಕು. ಕೌನ್ಸಿಲ್ ಅಂದ್ರೆ ನಮ್ಮ ನಗರಸಭೆ ಥರ. ಡೊನೇಷನ್ ಇಲ್ಲ, ಇಂಟರ್‌ವ್ಯೂ ಇಲ್ಲ, ಎಂಎಲ್‌ಎ ಲೆಟರ್ ಅಂತೂ ಇಲ್ಲವೇ ಇಲ್ಲ. ಸೀಟಿಗಿಂತ ಅರ್ಜಿ ಜಾಸ್ತಿ ಬಂದ್ರೆ ಬಹಳ ಕಡೆ ಕೊನೆಗೆ ನೋಡೋದು ಮನೆಯಿಂದ ಸ್ಕೂಲಿಗೆ ಎಷ್ಟು ದೂರ ಅಂತ. ಅದಕ್ಕೇ ಒಳ್ಳೆ ಸ್ಕೂಲಿನ ಅಕ್ಕಪಕ್ಕ ಬಾಡಿಗೆ ಜಾಸ್ತಿ. ನಾನು ಆಸ್ಪತ್ರೆ ಬಸ್ಸು ಸಿಗುತ್ತೆ ಅಂತ ಹಿಡಿದ ಮನೆ ಅಂಥದೇ ಒಂದು ಸ್ಕೂಲಿನ ಹಿಂದಿನ ಬೀದಿಯಲ್ಲಿದೆ.

"ಅಕ್ಕ, ನಿಮಗೆ ಮಕ್ಕಳಿಲ್ಲವಲ್ಲ, ಆ ಅಡ್ರೆಸ್ ಸುಮ್ಮನೆ ವೇಸ್ಟ್ ಆಗ್ತಿದೆ" ಅಂದ. (ಈ ಮಾತಿಗೆ ಬೇರೆಯೇ ಒಂದು ಪೋಸ್ಟ್ ಬರೀಬಹುದು, ಬಿಡಿ.) ನಾವು ನಿಮ್ಮ ಮನೆಯಲ್ಲಿ ಬಾಡಿಗೆಗೆ ಇದ್ದೀವಿ ಅಂತ ಒಂದು ಅಗ್ರಿಮೆಂಟ್ ಮಾಡ್ಕೊಳ್ಳೋಣ, ನೀವು ಸಹಿ ಹಾಕಿದ್ರೆ ಸಾಕು ಅಂದ. ನಾನೇ ಬಾಡಿಗೆಗೆ ಇರೋಳು ಮಾರಾಯ!

ಅಮ್ಮ ಹೇಳಿದ್ದು ಇದೇ: "ಒಂದು ಅಡ್ರೆಸ್ ತಾನೇ ಮಗಾ? ನಮ್ಮೂರಲ್ಲಿ ಅರ್ಧ ಜನದ ಕಾಗದ ಶೆಟ್ರ ಅಂಗಡಿಗೇ ಬರ್ತಿತ್ತು." ನಿಜ. ನನ್ನ ನರ್ಸಿಂಗ್ ಕಾಲೇಜಿನ ಪತ್ರ ಬಂದಿದ್ದೂ ಅಲ್ಲಿಗೇ. ಆದ್ರೆ ಅದರ ಮೇಲೆ ಕೇರ್ ಆಫ್ ಅಂತ ಇತ್ತು. ಇವಳು ಇಲ್ಲಿ ವಾಸ ಇಲ್ಲ, ಇಲ್ಲಿಗೆ ಕೊಟ್ರೆ ಅವಳಿಗೆ ತಲುಪುತ್ತೆ ಅಂತ ಎಲ್ಲರಿಗೂ ಕಾಣೋ ಹಾಗೆ ಬರೆದ ಮಾತು ಅದು. ಇವನು ಕೇಳಿದ್ದು ಅದಲ್ಲ. ವಾಸ ಇಲ್ಲದ ಮನೆಯಲ್ಲಿ ವಾಸ ಇದ್ದೀನಿ ಅಂತ ಬರೆದು, ನಿಜವಾಗಿ ಈ ಬೀದಿಯಲ್ಲಿರೋ ಇನ್ನೊಂದು ಮಗುವಿನ ಸೀಟು ತಗೊಳ್ಳೋದು. ಎದುರು ಮನೆಯ ಪೋಲೆಂಡ್ ಹೆಂಗಸಿನ ಮಗನೂ ಅದೇ ವರ್ಷ ಅರ್ಜಿ ಹಾಕ್ತಿದ್ದ.

ಇನ್ನೊಂದು ಕಾರಣ ಇದೆ, ಇದನ್ನ ಆಗ ಯಾರಿಗೂ ಹೇಳಿರಲಿಲ್ಲ. 2023ರಲ್ಲಿ ನನ್ನ ಮನೆಯಲ್ಲಿ ಒಂದು ಕಂಪನಿ ಇತ್ತು! ನಾನು ಹೆಸರೂ ಕೇಳದ ಕಂಪನಿಗೆ ತೆರಿಗೆ ಇಲಾಖೆಯ ಪತ್ರ, ಬ್ಯಾಂಕಿನ ಪತ್ರ. ಈ ಹೆಸರಿನವರು ಇಲ್ಲಿಲ್ಲ ಅಂತ ಲಕೋಟೆ ಮೇಲೆ ಬರೆದು ಪೋಸ್ಟ್ ಡಬ್ಬಿಗೆ ಹಾಕ್ತಾ ಬಂದೆ. ಒಂದು ದಿನ ನೈಟ್ ಮುಗಿಸಿ ಮಲಗಿದ್ದಾಗ ಸಾಲ ವಸೂಲಿಯವನು ಬಾಗಿಲು ಬಡಿದ. ನೈಟಿ ಮೇಲೆ ಕೋಟ್ ಹಾಕ್ಕೊಂಡು ಹೋಗಿ ಪಾಸ್‌ಪೋರ್ಟ್ ತೋರಿಸಿ ಕಳಿಸಿದೆ. ಕೈಕಾಲು ನಡುಕ. ಆಮೇಲೆ ಕಂಪನೀಸ್ ಹೌಸ್ ಅನ್ನೋ ಸರ್ಕಾರಿ ವೆಬ್‌ಸೈಟಲ್ಲಿ ಹುಡುಕಿದ್ರೆ, ನೋಂದಾಯಿತ ಕಚೇರಿ ಅಂತ ನನ್ನದೇ ಬಾಗಿಲ ನಂಬರ್. ಆಗ ಕಂಪನಿ ಶುರುಮಾಡೋಕೆ ಆನ್‌ಲೈನಲ್ಲಿ 12 ಪೌಂಡ್ ಕೊಟ್ರೆ ಸಾಕಿತ್ತು, ಆ ಅಡ್ರೆಸ್ ನಿಮ್ಮದೇನಾ ಅಂತ ದಾಖಲೆ ಕೇಳ್ತಿರಲಿಲ್ಲ. ಇದಕ್ಕಂತಲೇ ಆರ್‌ಪಿ07 ಅಂತ ಒಂದು ಫಾರಂ ಇದೆ. ಅದರ ಜೊತೆ ಬಿಲ್ ಲಗತ್ತಿಸಿ ಕಳಿಸಿದೆ, ಅಡ್ರೆಸ್ ತೆಗೆದ್ರು. 2024ರ ಮಾರ್ಚ್ 4ರಿಂದ ಕಾನೂನು ಬಿಗಿಯಾಗಿದೆ. ಸಾಲ ಕಂಪನಿಯದು, ನನ್ನ ತಲೆಗೆ ಬರಲ್ಲ ಅಂತ ಗೊತ್ತಿದ್ರೂ ತಿಂಗಳುಗಟ್ಟಲೆ ಕಾಲಿಂಗ್ ಬೆಲ್ ಆದ್ರೆ ಎದೆ ಧಸಕ್ ಅಂತಿತ್ತು.

ಅಷ್ಟಾದಮೇಲೆ ನಾನಾಗಿ ಸಹಿ ಹಾಕ್ಲಾ? ಒಬ್ಬಳೇ ಇರೋದರಿಂದ ನನಗೆ ಕೌನ್ಸಿಲ್ ಟ್ಯಾಕ್ಸಲ್ಲಿ ಶೇಕಡ 25 ರಿಯಾಯಿತಿ ಇದೆ. ಸ್ಕೂಲ್ ಅರ್ಜಿಗೆ ಅವರು ನೋಡೋದು ಅದೇ ಟ್ಯಾಕ್ಸ್ ದಾಖಲೆ. ಸಿಕ್ಕಿಬಿದ್ರೆ ಮಗುವಿಗೆ ಕೊಟ್ಟ ಸೀಟು ವಾಪಸ್ ತಗೋಬಹುದು. ಸುಳ್ಳು ಅಗ್ರಿಮೆಂಟ್ ಬೇರೆಯೇ ಅಪರಾಧ. ನರ್ಸ್ ಮೇಲೆ ಕೇಸ್ ಆದ್ರೆ ತಾನೇ ಹೋಗಿ ಎನ್‌ಎಂಸಿಗೆ ಹೇಳಬೇಕು, ನಮ್ಮ ರಿಜಿಸ್ಟ್ರೇಷನ್ ಇರೋದು ಅಲ್ಲೇ. ಕೇಸ್ ಆಗದಿದ್ರೂ ಅಪ್ರಾಮಾಣಿಕತೆ ಅಂತ ವಿಚಾರಣೆಗೆ ಕರೀಬಹುದು. ಅಪ್ಪ ಸಾಲ ಮಾಡಿ ಓದಿಸಿದ ಬಿಎಸ್‌ಸಿ ಅದು.

ಕೌನ್ಸಿಲಿನವರೂ ಅತಿ ಮಾಡಿದ್ದುಂಟು. 2008ರಲ್ಲಿ ಪೂಲ್ ಅನ್ನೋ ಊರಲ್ಲಿ ಒಂದು ಕುಟುಂಬದ ಹಿಂದೆ ಸುಮಾರು ಮೂರು ವಾರ ಗೂಢಚಾರರ ಹಾಗೆ ಬಿದ್ದಿದ್ರು, ಸ್ಕೂಲ್ ಅಡ್ರೆಸ್ ನಿಜವಾ ಅಂತ. ನಿಜವೇ ಆಗಿತ್ತು! ಹಾಗೆ ಕಣ್ಣಿಟ್ಟಿದ್ದು ಕಾನೂನುಬಾಹಿರ ಅಂತ 2010ರಲ್ಲಿ ತೀರ್ಪು ಬಂತು. ಮಗುವಿನ ಸೀಟಿಗೆ ಅಷ್ಟೆಲ್ಲ ಬೇಕಾ ಅಂತ ನನಗೂ ಅನ್ನಿಸುತ್ತೆ.

ಆ ಹುಡುಗನಿಗೆ ಬರೀ ಇಲ್ಲ ಅಂದು ಕೈತೊಳ್ಕೊಳ್ಳಲಿಲ್ಲ. ಈ ಬೀದಿಯಲ್ಲೇ ಖಾಲಿಯಿದ್ದ ಒಂದು ಫ್ಲಾಟ್ ತೋರಿಸಿದೆ, ಬಾಡಿಗೆ ಹೆಚ್ಚಾಯ್ತು ಅಂದ. ಸ್ವಂತ ಅಡ್ರೆಸಿಂದಲೇ ಅರ್ಜಿ ಹಾಕಿದ. ಏಪ್ರಿಲ್ 16ಕ್ಕೆ ಬೇರೆ ಸ್ಕೂಲ್ ಬಂತು. ಅಪೀಲ್ ಹಾಕಬಹುದು, ವೇಟಿಂಗ್ ಲಿಸ್ಟ್ ಡಿಸೆಂಬರ್ 31ರವರೆಗಾದ್ರೂ ಇಟ್ಟಿರಲೇಬೇಕು ಅಂತ ಮೆಸೇಜ್ ಮಾಡಿದೆ. ನೀಲಿ ಟಿಕ್ ಬಂತು, ಉತ್ತರ ಬರಲಿಲ್ಲ. ಅವರಮ್ಮ ಶುಕ್ರವಾರ ದೇವಸ್ಥಾನದಲ್ಲಿ ನಮ್ಮಮ್ಮನ ಮುಖ ನೋಡದೆ ಹೋದ್ರಂತೆ. ನನಗೆ ಬೇಜಾರಾಗಿದ್ದು ಅದಕ್ಕೇ. ಅಮ್ಮ ಏನೂ ಮಾಡಿರಲಿಲ್ಲ.

ಅವರ ಮನೆಯವರು ಯಾರಾದ್ರೂ ಇದನ್ನ ಓದ್ತಿದ್ರೆ: ಅಪೀಲ್ ಕಾಗದ ಬರೆಯೋಕೆ ನಾನು ಈಗಲೂ ಕೂತ್ಕೋತೀನಿ. ಗುರುವಾರದವರೆಗೆ ನನಗೆ ಡ್ಯೂಟಿ ಇಲ್ಲ.